ಹಾಯ್ಗುಳಿ ಕಲ್ಲಿನಿಂದ ಅರವತ್ತು ಹೆಜ್ಜೆ

ಅಂಗನವಾಡಿಯ ಅಂಗಳದಲ್ಲಿ ಒಂದು ಕಡೆ ಕುಣಿದರೆ ನೆಲ ಡೋಲಿನ ಹಾಗೆ ಕೇಳುತ್ತದೆ ಎಂದು ನನ್ನ ನಾಲ್ಕು ವರ್ಷದ ಮಗಳು ಪ್ರೇಕ್ಷಾ ಹೇಳಿದ್ದು ಒಂದು ಸೋಮವಾರ. ಜಾರುಬಂಡಿಯಿಂದ ಇಳಿದು ಬೀಳುವ ಜಾಗ. ಅಲ್ಲಿ ಕುಣಿಯಲು ಮಕ್ಕಳು ಸಾಲು ನಿಲ್ಲುತ್ತಾರಂತೆ. ಅವಳು ಹೇಳಿ, ಗಂಜಿ ಉಂಡು, ಮಲಗಿಬಿಟ್ಟಳು. ನನಗೆ ಅಂದಿನಿಂದ ಅನ್ನ ಸೇರಲಿಲ್ಲ.

ಅದು 2011ರ ಜುಲೈ. ಮಳೆ ಶುರುವಾಗಿ ಐದು ವಾರವಾಗಿತ್ತು. ಉಗ್ರಾಣಿ ಮುತ್ತ ತೀರಿಕೊಂಡು ಎರಡು ತಿಂಗಳು.

ಮಂಗಳವಾರ ಮಗಳನ್ನು ಬಿಡುವ ನೆವದಲ್ಲಿ ಅಂಗಳಕ್ಕೆ ಹೋದೆ. ಕುಣಿದು ನೋಡಲು ನಾಚಿಕೆ. ಕೊಡೆಯ ತುದಿಯಿಂದ ಅಲ್ಲಲ್ಲಿ ಕುಟ್ಟಿದೆ. ಬೇಲಿಯ ಹತ್ತಿರ ಒಂದು ಸದ್ದು, ಜಾರುಬಂಡಿಯ ಹತ್ತಿರ ಇನ್ನೊಂದು. ಅಥವಾ ಹಾಗೆ ನನಗೆ ಅನ್ನಿಸಿತು. ನನಗೆ ಅನ್ನಿಸುವುದಕ್ಕೆ ಮಿತಿಯಿಲ್ಲ.

ಬಾಗಿಲಲ್ಲಿ ನಿಂತು ನೋಡುತ್ತಿದ್ದ ಸ್ನೇಹಲತಾ ಟೀಚರ್, "ಎಂತ ಸ್ವಾತಿ, ನೆಲಕ್ಕೆ ಇಂಜೆಕ್ಷನ್ ಕೊಡ್ತಾ ಇದ್ರಿಯಾ?" ಎಂದರು.

"ಇಲ್ಲ ಟೀಚರ್, ಸುಮ್ಮನೆ."

ಬೇರೇನು ಹೇಳಲಿ? ಅದೇ ವರ್ಷ ಮೂರು ಸಲ ಅವರಿಗೆ ಫೋನು ಮಾಡಿ ಮಾನ ಕಳೆದುಕೊಂಡಿದ್ದೆ. ಕಿಟಕಿಯಲ್ಲಿ ಹಾವಿದೆ ಎಂದಿದ್ದೆ. ಅದು ಸೈಕಲ್ ಟ್ಯೂಬು. ಉಪ್ಪಿಟ್ಟಿನ ರವೆಯಲ್ಲಿ ಚೇಳಿದೆ ಎಂದಿದ್ದೆ. ಅದು ಒಣಗಿದ ಮೆಣಸಿನ ತೊಟ್ಟು. ಮೂರನೆಯ ಸಲ ಒಬ್ಬ ಹುಡುಗನ ಮೈಮೇಲಿನ ಸೊಳ್ಳೆ ಕಡಿತಕ್ಕೆ ಡೆಂಗಿ ಎಂದು ಹೆಸರಿಟ್ಟು, ಎರಡು ದಿನ ಊರಿನ ಮಕ್ಕಳೆಲ್ಲ ಮನೆಯಲ್ಲೇ ಉಳಿಯುವಂತೆ ಮಾಡಿದ್ದೆ. ದಾವಣಗೆರೆಯಲ್ಲಿ ಓದಿದವಳು ಎಂಬ ಗೌರವ ಅಷ್ಟಕ್ಕೆ ಮುಗಿದಿತ್ತು.

ಆದರೂ ಈ ಸಲದ ಭಯ ನನ್ನದಲ್ಲ, ಮುತ್ತನದು. ನನಗದು ಬಳುವಳಿಯಾಗಿ ಬಂದದ್ದು. ಅದಕ್ಕಾಗಿ ಮೊದಲು ಅವರ ವಿಷಯ ಹೇಳಬೇಕು.

ನಮ್ಮ ಊರು ಎತ್ತಿನಮಕ್ಕಿ. ಬಸ್ರೂರಿನಿಂದ ಹಾಲಾಡಿಗೆ ಹೋಗುವ ದಾರಿಯಲ್ಲಿ ಬಸ್ಸು ಇಳಿದು ಒಳಗೆ ಒಂದು ಮೈಲಿ. ಕೆಳಗೆ ತೋಡಿನ ಬದಿಯಲ್ಲಿ ವರ್ಷಪೂರ್ತಿ ಹಸಿಯಾಗಿರುವ ಬೈಲುಗದ್ದೆ, ಅದರ ಮೇಲೆ ಮಜಲು, ಅದರ ಮೇಲೆ ಮಳೆ ಬಂದರೆ ಮಾತ್ರ ಬೆಳೆಯುವ ಬೆಟ್ಟುಗದ್ದೆ, ಎಲ್ಲಕ್ಕಿಂತ ಮೇಲೆ ಮುರಕಲ್ಲಿನ ಬೋಳು ಬಯಲು. ಆ ಬಯಲೇ ಮಕ್ಕಿ. ಅದರ ಒಂದು ಅಂಚಿಗೆ ಮರ ದಟ್ಟವಾದ ಹಾಡಿ, ಹಾಡಿಯ ಬಾಯಲ್ಲಿ ಹಾಯ್ಗುಳಿ ದೈವದ ಕಲ್ಲು, ಅಲ್ಲಿಂದ ತುಸು ದೂರಕ್ಕೆ ಮದಗ, ಗದ್ದೆಗೆ ನೀರುಣಿಸುವ ಕೆರೆ. ನಲವತ್ತು ಮನೆ. ನಾನು ಮದುವೆಯಾಗಿ ಬಂದ ಹೊಸದರಲ್ಲಿ, ಇಷ್ಟು ಸಣ್ಣ ಊರಿಗೆ ಚರಿತ್ರೆ ಇರಲು ಸಾಧ್ಯವಿಲ್ಲ ಎಂದುಕೊಂಡಿದ್ದೆ.

ಇತ್ತು. ಬಸ್ರೂರಿನ ಹೊಳೆಗೆ ದೊಡ್ಡ ದೋಣಿಗಳು ಬರುತ್ತಿದ್ದ ಕಾಲದಲ್ಲಿ ಘಟ್ಟದ ಮೇಲಿನ ಅಕ್ಕಿ, ಮೆಣಸು ಹೇರೆತ್ತುಗಳ ಬೆನ್ನ ಮೇಲೆ ಇಳಿಯುತ್ತಿದ್ದವು. ಉಪ್ಪು, ಒಣಮೀನು ಅದೇ ಬೆನ್ನಿನ ಮೇಲೆ ಹತ್ತುತ್ತಿದ್ದವು. ಬಂದರಿಗೆ ಮುಂಚಿನ ಕೊನೆಯ ತಂಗು ನಮ್ಮ ಮಕ್ಕಿ. ಎತ್ತುಗಳಿಗೆ ನೀರು ಬೇಕೆಂದು ವ್ಯಾಪಾರಿಗಳು ಮುರಕಲ್ಲು ಕಡಿದು ಅಲ್ಲೊಂದು ಬಾವಿ ತೋಡಿಸಿದ್ದರು. ಹೇರಿನ ಬಾವಿ. ದಂಡೆ ನೆಲಕ್ಕೆ ಸಮ, ಎತ್ತುಗಳು ಬಾಗಿ ಕುಡಿಯಲು ಪಕ್ಕದಲ್ಲಿ ಕಲ್ಲಿನ ಮರಿಗೆ. ಎತ್ತುಗಳು ನಿಂತವು, ದೋಣಿಗಳು ನಿಂತವು, ಬಾವಿ ಉಳಿಯಿತು.

ಇದನ್ನೆಲ್ಲ ನನಗೆ ಹೇಳಿದ್ದು ನೆರೆಮನೆಯ ಮುತ್ತ. ಊರಿಗೆಲ್ಲ ಆತ ಉಗ್ರಾಣಿ. ನಾನು ಮಾತ್ರ ಅಜ್ಜ ಎನ್ನುತ್ತಿದ್ದೆ. ಉಗ್ರಾಣಿಯೆಂದರೆ ಶಾನುಭೋಗರ, ಪಟೇಲರ ಕೈಕೆಳಗಿನ ಊರ ಚಾಕರಿಯವನು. ನೋಟೀಸು ಮುಟ್ಟಿಸುವುದು, ಸಾವು ಹುಟ್ಟು ತಿಳಿಸುವುದು, ಸರ್ವೆಯವರು ಬಂದರೆ ಸರಪಳಿ ಎಳೆಯುವುದು, ಗಡಿಕಲ್ಲು ಕಾಯುವುದು. ಅಪ್ಪ ಕೆಲಸ ಬಿಟ್ಟುಕೊಟ್ಟ ಮೇಲೆ ಇಪ್ಪತ್ತನೆಯ ವರ್ಷಕ್ಕೆ ಅಜ್ಜನ ಹೆಗಲಿಗೆ ಹಿತ್ತಾಳೆ ಬಿಲ್ಲೆಯ ಪಟ್ಟಿ ಬಂತು. ಎರಡನೆಯ ಕ್ಲಾಸಿಗೆ ಶಾಲೆ ಬಿಟ್ಟಿದ್ದ ಅವರಿಗೆ ನಕಾಶೆ ಓದಲು ಬಾರದು. ಅವರು ಊರನ್ನು ಹೆಜ್ಜೆಯಲ್ಲಿ ಕಲಿತರು. ಆ ಮೊದಲ ವರ್ಷವೇ ಅಳೆದು ಬಾಯಿಪಾಠ ಮಾಡಿಕೊಂಡದ್ದು ಕೊನೆಯವರೆಗೂ ಒಂದಂಕಿ ತಪ್ಪಲಿಲ್ಲ.

"ಹಾಯ್ಗುಳಿ ಕಲ್ಲಿಂದ ಮದಗದ ತೂಬಿಗೆ ನೂರಿಪ್ಪತ್ತ್. ತೂಬಿಂದ ಗಂಜಿಗದ್ದೆ ಅಂಚಿಗೆ ಮುನ್ನೂರ್. ಅಂಚಿಂದ ತೋಡಿನ ಸಂಕಕ್ಕೆ ಎಂಬತ್ತ್" ಎಂದು ನಮ್ಮ ಜಗಲಿಯಲ್ಲಿ ಕುಳಿತು ಹೇಳುವರು. ಎದುರಿಗೆ ಕುಳಿತ ಪ್ರೇಕ್ಷಾ ಅದನ್ನೇ ಪದ್ಯದ ಹಾಗೆ ತಿರುಗಿ ಹೇಳುವಳು. ಭೂಮಸೂದೆಯ ಕಾಲದಲ್ಲಿ ಎರಡು ಮನೆಯವರು ಕತ್ತಿ ಹಿಡಿದು ನಿಂತಾಗ ಅಂಚು ಎಲ್ಲಿ ಎಂದು ತೋರಿಸಿದ್ದು ಈ ಹೆಜ್ಜೆಯ ಲೆಕ್ಕ. ಸರ್ವೆಯವರು ಬಂದು ಸರಪಳಿ ಹಿಡಿದರೆ ಗೇಣಿನಷ್ಟೂ ವ್ಯತ್ಯಾಸ ಬರಲಿಲ್ಲವಂತೆ. ರೈಲು ಬರುವ ಮೊದಲು ಪಡುವಲ ಗಡಿ ನೋಡಲು ಬಂದವರೂ ಅವರನ್ನೇ ಕರೆದರು. ಮೊದಲ ರೈಲು ಓಡಿದ ವರ್ಷ ಅವರು ಬಿಲ್ಲೆ ಬಿಚ್ಚಿಟ್ಟರು. ಹೆಂಡತಿ ಆಗಲೇ ತೀರಿಹೋಗಿದ್ದಳು. ಮಗಳು ರತ್ನ ಬೈಂದೂರಿಗೆ ಮದುವೆಯಾಗಿ ಹೋಗಿದ್ದಳು.

ಅವರ ಪಾಠದಲ್ಲಿ ಒಂದು ಅಂಕಿಯನ್ನು ಮಾತ್ರ ಪ್ರೇಕ್ಷಾಳೆದುರು ಹೇಳುತ್ತಿರಲಿಲ್ಲ. ಅವಳು ಒಳಗೆ ಹೋದಾಗ ನನಗೆ ಹೇಳಿದರು. "ಕಲ್ಲಿಗ್ ಬೆನ್ನ್ ಕೊಟ್ಟ್, ಆಚಿ ಹಾಲಿಮರಕ್ಕೆ ನೇರ ಅರವತ್ತ್ ಹೆಜ್ಜೆ. ಹೇರಿನ ಬಾವಿ."

"ಅಲ್ಲಿ ಬಾವಿಯೇ ಇಲ್ಲವಲ್ಲ ಅಜ್ಜ?"

"ಬಾವಿ ಈಗ್ಳೂ ಇತ್ತ್ ಅಮಾ. ಬಾಯಿ ಇಲ್ಲೆ."

ಅಜ್ಜನಿಗೆ ಬಾಗಿ ಎಂಬ ತಂಗಿಯಿದ್ದಳು. ಹನ್ನೊಂದು ವರ್ಷ. 1961ರ ಆಷಾಢದಲ್ಲಿ ಅಣ್ಣನಿಗೆ ಹಾಲಾಡಿ ಕಡೆ ನೋಟೀಸು ಕೊಡುವುದಿತ್ತು. ತಾನೂ ಬರುತ್ತೇನೆಂದು ಹಿಂದೆ ಹೊರಟಿತ್ತು. ಅಣ್ಣನ ಹೆಜ್ಜೆ ಉದ್ದ, ಅದಕ್ಕೆ ಓಡಬೇಕು. "ಅಣ್ಣ, ಸಣ್ಣ ಹೆಜ್ಜೆ ಹಾಕ್" ಎಂದು ಮೂರು ಸಲ ಕೂಗಿತಂತೆ. ಇವರಿಗೆ ಹೊಸ ಕೆಲಸ, ಹೊಸ ಬಿಲ್ಲೆ. ತಿರುಗಿ ನೋಡಲಿಲ್ಲ. ನಾಲ್ಕನೆಯ ಸಲ ಕೂಗು ಬರಲಿಲ್ಲ. ಮಳೆಗೆ ಮಕ್ಕಿಯೆಲ್ಲ ನೀರು ನಿಂತು, ನೆಲಕ್ಕೆ ಸಮವಿದ್ದ ಬಾವಿಯ ಬಾಯಿ ಯಾವುದು, ಬಯಲು ಯಾವುದು ಎಂದು ತಿಳಿಯುವ ಹಾಗಿರಲಿಲ್ಲ.

ಆ ನೀರನ್ನು ಮತ್ತೆ ಯಾರೂ ಕುಡಿಯಲಿಲ್ಲ. ದೀಪಾವಳಿ ಕಳೆದ ಮೇಲೆ ಮುಚ್ಚುವುದೆಂದಾಯಿತು. ಮಣ್ಣು ತುಂಬಿಬಿಟ್ಟಿದ್ದರೆ ಕತೆ ಅಲ್ಲಿಗೆ ಮುಗಿಯುತ್ತಿತ್ತು. ಆದರೆ ಅಜ್ಜನ ಅಪ್ಪ ಒಪ್ಪಲಿಲ್ಲ. "ಗಂಗೆ ಬಾಯಿಗ್ ಮಣ್ಣ್ ಹಾಕೂಕಾಗ" ಎಂದರು. ನಮ್ಮ ಕಡೆ ಬಾವಿಯನ್ನು ಕೊಲ್ಲುವುದಿಲ್ಲ, ನೀರಿನ ಶಾಪ ಏಳು ತಲೆಗೆ ತಟ್ಟುತ್ತದೆ ಎಂದು ಈಗಲೂ ಹೇಳುತ್ತಾರೆ. ಅಪ್ಪ ಮಗ ಇಬ್ಬರೂ ಹಾಡಿಯಿಂದ ಬೈನೆಮರ ಕಡಿದು ತಂದು, ಬಾಯಿಗೆ ಅಡ್ಡ ಹಾಸಿ, ಮೇಲೆ ಮುರಕಲ್ಲು ಜೋಡಿಸಿ, ಅದರ ಮೇಲೆ ಮಣ್ಣು ಎಳೆದರು. ಕೆಳಗೆ ನೀರು ಜೀವಂತ ಉಳಿಯಿತು. "ಬೈನೆ ಗಟ್ಟಿ. ಐವತ್ ಮಳೆಗಾಲ ತಡೀತ್. ಅಷ್ಟರೊಳ್ಗೆ ಮತ್ತೊಂದ್ಸಲ ಹಾಸ್ಕ್" ಎಂದು ಹೇಳಿ ಅಪ್ಪ ಎರಡೇ ವರ್ಷಕ್ಕೆ ತೀರಿಕೊಂಡರು.

ಅಂದಿನಿಂದ ಪ್ರತಿ ವರ್ಷ ಆಸಾಡಿ ಅಮಾವಾಸ್ಯೆಯ ಬೆಳಿಗ್ಗೆ ಅಜ್ಜ ಕಲ್ಲಿಗೆ ಬೆನ್ನು ಕೊಟ್ಟು ಅರವತ್ತು ಹೆಜ್ಜೆ ನಡೆದು, ನಿಂತಲ್ಲಿ ಒಂದು ಹಿಡಿ ದಾಸವಾಳ ಇಟ್ಟು ಬರುತ್ತಿದ್ದರು. ನಲವತ್ತೆಂಟು ವರ್ಷ ತಪ್ಪಿಸಲಿಲ್ಲ.

ಊರಿನವರು ಗಮನಿಸಿದ್ದು ಇನ್ನೊಂದನ್ನು. ನನ್ನ ಅತ್ತೆ ಸುಂದರಿ ಅದನ್ನು ಹೇಳಿದ್ದು ಒಂದು ಮಧ್ಯಾಹ್ನ, ಹಲಸಿನ ಬೀಜ ಸುಲಿಯುತ್ತಾ.

"ಬಾಗಿಯೂ ನಾನೂ ಒಂದೇ ಪ್ರಾಯ. ಒಟ್ಟಿಗೆ ಆಡ್ಕಂಡ್ ಬೆಳ್ದದ್ದ್. ಅದ್ ಈಗ ನಡ್ಕಂಡ್ ಬತ್ತಾ ಇತ್ತ್, ಗೊತ್ತಿತ್ತಾ ನಿಂಗೆ?"

"ಯಾರು ಅತ್ತೆ?"

"ಬಾಗಿ. ಮುತ್ತ ಇಡು ಹೂಗ್ ಕಾಣ್. ನನ್ ಮದಿ ವರ್ಷ ಎಲ್ಲೋ ಆಚಿಗಿತ್ತ್. ಈಗ ಎಷ್ಟ್ ಈಚಿಗ್ ಬಂತ್. ವರ್ಷ ವರ್ಷ ಚೂರ್ ಚೂರ್. ಮನಿ ಬದಿಗೇ ಬಪ್ಪುದ್ ಅದ್."

ಅತ್ತೆ ಬೀಜ ಸುಲಿಯುವುದನ್ನು ನಿಲ್ಲಿಸಲಿಲ್ಲ. ಆ ವರ್ಷ ಅಮಾವಾಸ್ಯೆಯಂದು ದೂರ ನಿಂತು ನೋಡಿದೆ. ಅಜ್ಜ ಕೋಲೂರಿಕೊಂಡು, ತುಟಿ ಅಲುಗಿಸುತ್ತ, ಎಣಿಸಿ ಎಣಿಸಿ ನಡೆದು ಹೂವಿಟ್ಟರು. ಹಿಂದಿನ ವರ್ಷದ ಜಾಗದಲ್ಲಿ ದನ ಕಟ್ಟಲು ಯಾರೋ ನೆಟ್ಟ ಗೂಟವೊಂದು ಇನ್ನೂ ನಿಂತಿತ್ತು. ಹೂವು ಅದಕ್ಕಿಂತ ಎರಡು ಮೊಳ ಈಚೆಗಿತ್ತು. ನಾನು ಮಗಳನ್ನು ಎತ್ತಿಕೊಂಡು ತಿರುಗಿ ನೋಡದೆ ಮನೆಗೆ ಬಂದೆ.

ಅಂಗನವಾಡಿಗೆ ಮಕ್ಕಿಯಲ್ಲಿ ಜಾಗ ಎಂದಾದಾಗ ಅಜ್ಜ ಪಂಚಾಯತಿ ಮೆಂಬರ್ ಪ್ರೇಮಾನಂದರ ಮನೆಗೆ ನಡೆದೇ ಹೋದರು. 2009ರ ಡಿಸೆಂಬರ್. ಜೆಸಿಬಿ ಬಂದ ದಿನ ಊರೆಲ್ಲ ಸೇರಿತ್ತು. ಅಜ್ಜ ಕಲ್ಲಿಗೆ ಬೆನ್ನು ಕೊಟ್ಟು ನಡೆದರು. ಜನ ಜೊತೆಗೇ ಎಣಿಸಿದರು. ಅರವತ್ತಕ್ಕೆ ನಿಂತು ಕೋಲೂರಿ, "ಇಲ್ಲೇ" ಎಂದರು.

ಎಂಟು ಅಡಿ ತೋಡಿದರೂ ಕೆಂಪು ಮಣ್ಣು, ಕಲ್ಲು. ಬೈನೆಯ ಒಂದು ಸಿಬಿರೂ ಇಲ್ಲ.

"ಹ್ವಾಯ್ ಮುತ್ತ, ನಿನ್ ಬಾವಿಗೆ ಕಾಲ್ ಬಂತಾ?" ಎಂದು ಯಾರೋ ಕೂಗಿದರು. ನಗು. ನಾನೂ ನಕ್ಕೆ. ಬರೆಯುವಾಗ ಇದನ್ನು ಬಿಡಬಹುದಿತ್ತು, ಬಿಡಲಾರೆ.

ಅಜ್ಜ ಗುಂಡಿಯ ಅಂಚಿನಲ್ಲಿ ತುಂಬ ಹೊತ್ತು ನಿಂತರು. ಪ್ರೇಮಾನಂದರಿಗೆ ಕನಿಕರ ಬಂತು. "ಹೇಗಿದ್ರೂ ಇಲ್ಲಿ ಮಣ್ಣ್ ಸಡ್ಲ ಆಯ್ತ್. ಹಿರಿಯ ಮನ್ಷನ ಮಾತೂ ಉಳೀಲಿ. ಬಿಲ್ಡಿಂಗ್ ಪೂರಾ ಇನ್ನೂ ಆಚಿಗ್ ಹಾಕುವ" ಎಂದರು. ಹಾಗೆಯೇ ಮಾಡಿದರು.

ಅದಾದ ಮೇಲೆ ಅಜ್ಜ ಹೂವಿಡಲಿಲ್ಲ. ಮುಂದಿನ ಆಸಾಡಿಯಲ್ಲಿ ಕೇಳಿದಾಗ ಜಗಲಿಯ ಕಂಬಕ್ಕೆ ಒರಗಿ, ಯಾವತ್ತೂ ಇಲ್ಲದ ಸಮಾಧಾನದಲ್ಲಿ ಹೇಳಿದರು: "ಅದ್ ಅಲ್ಲಿಲ್ಲೆ ಅಮಾ. ಎಲ್ರೂ ಕಂಡ್ರಲ್ದಾ. ಮನಿಗ್ ಬಂತ್." ಮೊಣಕಾಲು ನೀವಿಕೊಳ್ಳುತ್ತ, "ಈಗ ನನ್ ಹೆಜ್ಜೆ ಅದ್ರ ಹೆಜ್ಜೆಗೆ ಸಮ ಆಯ್ತ್ ಕಾಣಿ. ಈಗಾರೆ ನನ್ನೊಟ್ಟಿಗೆ ನಡೀತಿದ್ದಿತ್" ಎಂದರು.

ಮುದುಕರ ಮಾತು ಎಂದು ಚಹಾ ತರಲು ಎದ್ದೆ.

ಬುಧವಾರ ಮಳೆ ಹೊಳವಾಯಿತು. ಪ್ರೇಕ್ಷಾ ಅಂಗನವಾಡಿಯಿಂದ ಬಂದವಳೇ ಕಲ್ಲಿನ ಹತ್ತಿರ ಆಡಿ, ಅಳುತ್ತ ಮನೆಗೆ ಬಂದಳು.

"ಅಜ್ಜ ಸುಳ್ಳು ಹೇಳಿದ್ದು. ಕಲ್ಲಿಂದ ತೂಬಿಗೆ ನೂರಿಪ್ಪತ್ತು ಅಂದಿದ್ರು. ನಾನು ನೂರಿಪ್ಪತ್ತು ಹಾಕಿದ್ರೂ ನೀರು ಸಿಗಲೇ ಇಲ್ಲ."

"ಅಜ್ಜನ ಕಾಲು ಉದ್ದ, ಪುಟ್ಟಿ. ನಿನ್ನದು ಗಿಡ್ಡ. ಅದಕ್ಕೇ..."

ಅಜ್ಜನ ಕಾಲು ಉದ್ದವಿತ್ತು, ಸರಿ. ಹೆಜ್ಜೆ? ಕೊನೆಯ ವರ್ಷಗಳಲ್ಲಿ ಅವರು ನಡೆಯುತ್ತಿದ್ದದ್ದು ಕಣ್ಣಿಗೆ ಕಟ್ಟಿತು. ಕೋಲು, ಒಂದು ಪಾದ, ಅದರ ಬೆನ್ನಿಗೇ ಎಳೆದು ತಂದ ಇನ್ನೊಂದು ಪಾದ. ಅರವತ್ತು ಎಂಬ ಅಂಕಿ ಇಪ್ಪತ್ತು ವರ್ಷದ ಮುತ್ತನದು. ನಡೆದದ್ದು ಎಪ್ಪತ್ತರ ಮುತ್ತ.

"ಅತ್ತೆ, ಮುತ್ತಜ್ಜ ಹರೆಯದಲ್ಲಿ ಹೇಗೆ ನಡೀತಿದ್ರು?"

"ಅವ್ನಾ? ಒಂದ್ ಹೆಜ್ಜೆಗೆ ಗದ್ದಿ ಅಂಚ್ ದಾಟ್ತಿದ್ದ. ಅವ್ನ್ ಹಿಂದೆ ನಾಯಿಯೂ ಓಡ್ಕಂಡೇ ಹೋಯ್ಕ್."

ಬಾಗಿ ನಡೆದು ಬಂದಿರಲಿಲ್ಲ. ಅಣ್ಣನ ಹೆಜ್ಜೆ ವರ್ಷ ವರ್ಷ ಗಿಡ್ಡವಾಗಿ, ಹೂವು ಕಲ್ಲಿನ ಕಡೆಗೆ ಸರಿದಿತ್ತು. ಅವರೇ ನನಗೆ ಹೇಳಿದ್ದರು. ನಾನು ಚಹಾ ತರಲು ಎದ್ದಿದ್ದೆ.

ಗುರುವಾರ ಸಂಜೆ ಅಂಗನವಾಡಿ ಮುಚ್ಚಿದ ಮೇಲೆ, ಗಂಡನ ಮೂವತ್ತು ಮೀಟರಿನ ಟೇಪು ತೆಗೆದುಕೊಂಡು ಹೊರಟೆ. ಸುಧಾಕರನದು ಹಾಲಾಡಿ ಪೇಟೆಯಲ್ಲಿ ಪಂಪು ರಿಪೇರಿಯ ಅಂಗಡಿ. ಬಾವಿಯ ಆಳ ನೋಡಲು ಇಟ್ಟುಕೊಂಡ ಟೇಪು. ಅತ್ತೆ ಹಿಂದಿನಿಂದಲೇ ಬಂದರು.

"ದೈವದ ಕಲ್ಲಿಗೆ ಟೇಪ್ ಹಿಡೂದಾ? ನಿನ್ ಶಾಲಿಯಂಗೆ ಇದ್ನೂ ಕಲ್ಸಿರಾ?"

"ಮಕ್ಕಳ ವಿಷಯ ಅತ್ತೆ. ಒಂದು ತುದಿ ನೀವೇ ಹಿಡಿಯಿರಿ. ನಿಮ್ಮ ಮೇಲೆ ಹಾಯ್ಗುಳಿಗೆ ಸಿಟ್ಟಿರುವುದಿಲ್ಲ."

ಅತ್ತೆ ಚಪ್ಪಲಿ ಬಿಟ್ಟು, ಕಲ್ಲಿಗೆ ಕೈಮುಗಿದು, "ಇದ್ ನಂದಲ್ಲ, ಸೊಸಿದ್" ಎಂದು ದೈವಕ್ಕೆ ತಿಳಿಸಿ, ತುದಿ ಹಿಡಿದರು. ಮೊದಲು ಮದಗದ ತೂಬಿನವರೆಗೆ ಅಳೆದೆವು. ಕಲ್ಲು, ತೂಬು ಎರಡೂ ಅಂದಿನಿಂದ ಅಲುಗಿಲ್ಲ. ತೊಂಬತ್ತಾರು ಮೀಟರ್. ನೂರಿಪ್ಪತ್ತು ಹೆಜ್ಜೆ. ಹೆಜ್ಜೆಗೆ ಎಂಬತ್ತು ಸೆಂಟಿಮೀಟರ್. ಹಾಗಾದರೆ ಅರವತ್ತು ಹೆಜ್ಜೆಗೆ ನಲವತ್ತೆಂಟು ಮೀಟರ್.

ಹಾಲೆಮರದ ನೇರಕ್ಕೆ ಟೇಪು ಎಳೆದೆ. ಮೂವತ್ತಕ್ಕೆ, ಜೆಸಿಬಿ ತೋಡಿ ಮುಚ್ಚಿದ್ದ ಗುಂಡಿಯ ತಗ್ಗು ಪಾದಕ್ಕೆ ಸಿಕ್ಕಿತು. ಅಲ್ಲಿಗೆ ಬಂದು ನಿಂತ ಅತ್ತೆ ಟೇಪಿನ ತುದಿ ಹಿಡಿದರು. ನಾನು ಬೇಲಿಯ ಸಂದಿನಲ್ಲಿ ನುಸುಳಿದೆ. ಹದಿನೈದು, ಹದಿನಾರು, ಹದಿನೇಳು. ಹದಿನೆಂಟಕ್ಕೆ ಕೈ ಚಾಚಿದರೆ ಜಾರುಬಂಡಿಯ ಬಾಯಿ. ಮಕ್ಕಳ ಪಾದ ತುಳಿದು ತುಳಿದು ಹುಲ್ಲು ಸತ್ತ ಜಾಗ. ಅದರ ಸುತ್ತ ದೊಡ್ಡ ತಟ್ಟೆಯ ಅಂಚಿನ ಹಾಗೆ ನೆಲ ತುಸು ಕುಸಿದು, ಅಂಚಿನುದ್ದಕ್ಕೂ ನೀರು ಗುಂಡಗೆ ನಿಂತಿತ್ತು. ಕುಸಿದ ಕಡೆ ನೀರು ಹಿಂಗುತ್ತಿತ್ತು. ಕಿವಿಗೊಟ್ಟರೆ, ತುಂಬ ಕೆಳಗೆ, ಒಂದೊಂದೇ ಹನಿ ಬೀಳುವ ಸದ್ದು.

ಬೇಲಿಯ ಆಚೆಯಿಂದ ಅತ್ತೆ ಕೇಳಿದರು. "ಸಿಕ್ತಾ?"

ನಾನು ಕಾಲಬಳಿಯ ನೆಲ ತೋರಿಸಿದೆ. ಅವರು ಟೇಪು ಬಿಟ್ಟು ಸೆರಗನ್ನು ಬಾಯಿಗೆ ಒತ್ತಿಕೊಂಡರು. "ಬಾಗಿ, ನೀ ಇಲ್ಲೇ ಇದ್ಯಲ್ಲೆ" ಎಂದರು, ಹನ್ನೊಂದು ವರ್ಷದವರು ಗೆಳತಿಯನ್ನು ಕರೆಯುವ ಹಾಗೆ.

ರಾತ್ರಿ ಊಟದ ಹೊತ್ತಿಗೆ ಸುಧಾಕರನಿಗೆ ಹೇಳಿದೆ. ಕೇಳಿಸಿಕೊಂಡ. ನಗಲಿಲ್ಲ. ಪ್ರೇಮಾನಂದರಿಗೆ ಫೋನು ಹಚ್ಚಿದ. ಅವರು ಮಂಗಳೂರಿನಲ್ಲಿ, ಸಿಗಲಿಲ್ಲ. "ಭಾನುವಾರ ಅವ್ರನ್ನೂ ಕರ್ಕಂಡ್ ಹೋಯಿ ಕಾಂಬ. ಗಡಿಬಿಡಿ ಮಾಡ್ಬೇಡ. ಮತ್ತೆ ಮೊದ್ಲಿನ ಹಾಂಗೆ ಆದ್ರೆ?" ಎಂದ. ಆ ಕೊನೆಯ ಮಾತು ನನ್ನನ್ನು ಕಟ್ಟಿಹಾಕಿತು. ಸೈಕಲ್ ಟ್ಯೂಬು, ಮೆಣಸಿನ ತೊಟ್ಟು, ಸೊಳ್ಳೆ.

ಶುಕ್ರವಾರ ಬೆಳಗಿನಿಂದ ಮಳೆ ಹುಯ್ದು ಒಂಬತ್ತಕ್ಕೆ ನಿಂತಿತು. ಅವನು ಅಂಗಡಿಗೆ ಹೋದ. ಪ್ರೇಕ್ಷಾಳಿಗೆ ಶೀತ ಎಂದು ಹೇಳಿ ಮನೆಯಲ್ಲಿ ಉಳಿಸಿಕೊಂಡೆ. ಅವಳಿಗೆ ಶೀತ ಇರಲಿಲ್ಲ. ಅವಳು ಜಗಲಿಯಲ್ಲಿ ಕುಳಿತು, "ಸ್ಪರ್ಶ ಇವತ್ತು ನನ್ನ ಪಾಳಿಯಲ್ಲೂ ಕುಣೀತಾಳೆ" ಎಂದು ಮುಖ ಊದಿಸಿಕೊಂಡಳು. ನನ್ನ ಮಗಳನ್ನು ನಾನು ಒಳಗಿಟ್ಟುಕೊಂಡಿದ್ದೆ. ಉಳಿದ ಹದಿನಾಲ್ಕು ಮಕ್ಕಳು ದಾರಿಯಲ್ಲಿದ್ದರು. ಅಣ್ಣ, ಸಣ್ಣ ಹೆಜ್ಜೆ ಹಾಕು ಎಂದು ಕೂಗಿದಾಗ ತಿರುಗದೆ ಹೋದವನಿಗೆ ಹೊಸ ಬಿಲ್ಲೆಯ ಬಿಗುಮಾನವಿತ್ತು. ನನ್ನದು ಎಂಥ ಬಿಗುಮಾನ?

ಒಂಬತ್ತೂ ಮುಕ್ಕಾಲಿಗೆ ಸ್ನೇಹಲತಾ ಟೀಚರ ನಂಬರು ಒತ್ತಿದೆ.

"ಹೇಳಿ ಸ್ವಾತಿ. ಇವತ್ತ್ ಎಂತ, ಹಾವಾ ಚೇಳಾ?"

"ಬಾವಿ ಟೀಚರ್. ಹೇರಿನ ಬಾವಿ. ನಿಮ್ಮ ಜಾರುಬಂಡಿಯ ಬುಡದಲ್ಲಿದೆ."

"ಅದ್ ಮುತ್ತ ತೋರ್ಸಿದ್ ಜಾಗ ಬೇರೆ ಅಲ್ದಾ? ತೋಡಿ ಕಂಡ್ರಲೆ."

"ಅಜ್ಜ ತೋರಿಸಿದ್ದು ಮುದಿ ಹೆಜ್ಜೆಯಲ್ಲಿ. ಮುಚ್ಚಿದ್ದು ಹರೆಯದ ಹೆಜ್ಜೆಯಲ್ಲಿ. ನಿನ್ನೆ ಟೇಪು ಹಿಡಿದು ಅಳೆದೆವು, ಅತ್ತೆಯೂ ಇದ್ದರು. ನಲವತ್ತೆಂಟು ಮೀಟರ್. ನಿಮ್ಮ ಅಂಗಳದಲ್ಲಿ ನೀರು ಗುಂಡಗೆ ನಿಂತದ್ದು ನೋಡಿ ಟೀಚರ್. ಇದು ಐವತ್ತನೆಯ ಮಳೆಗಾಲ. ನಾನು ತಪ್ಪಿದ್ದರೆ ಇನ್ನು ಜನ್ಮದಲ್ಲಿ ನಿಮಗೆ ಫೋನು ಮಾಡುವುದಿಲ್ಲ."

ಅವರ ಹಿಂದಿನಿಂದ ಮಕ್ಕಳ ಕೇಕೆ ಬರುತ್ತಿತ್ತು. ಕೇಕೆಯ ನಡುವೆ ದುಂ, ದುಂ ಎಂದು ಒಂದು ಸದ್ದು. ಅದನ್ನು ಅವರೂ ಆಗಲೇ ಮೊದಲ ಸಲ ಕೇಳಿಸಿಕೊಂಡರೆಂದು ಕಾಣುತ್ತದೆ.

"ಓಡ್ಸುಕಾಗ ಅಲ್ದಾ?" ಎಂದು ಮೆಲ್ಲಗೆ ಕೇಳಿದರು.

"ಓಡಿಸಬೇಡಿ. ಉಂಡೆ ಕೊಡ್ತೇನೆ ಎಂದು ಒಬ್ಬೊಬ್ಬರನ್ನೇ ಒಳಗೆ ಕರೆಯಿರಿ. ಆಮೇಲೆ ಹಿಂದಿನ ಬಾಗಿಲಿಂದ ಹಾಲೆಮರದ ಕಡೆಗೆ ಕಳಿಸಿ. ಫೋನು ಇಡಬೇಡಿ."

ಅವರು ಇಡಲಿಲ್ಲ. ಫೋನು ಮೇಜಿನ ಮೇಲೆ ಇಟ್ಟ ಸದ್ದಾಯಿತು. ಹಿಂದಿನ ಬಾಗಿಲಿನ ಚಿಲಕ ಕಿರುಗುಟ್ಟಿತು. "ಬನ್ನಿ ಮಕ್ಳೆ, ಉಂಡೆ ಯಾರಿಗ್ ಬೇಕ್? ಸಣ್ಣ ಸಣ್ಣ ಹೆಜ್ಜೆ ಹಾಕಿ ಬಂದವ್ರಿಗೆ ಮಾತ್ರ" ಎಂದು ಟೀಚರ್ ಕರೆದರು. ಆಮೇಲೆ ಎಣಿಸತೊಡಗಿದರು. ಒಂದ್. ಎರಡ್. ಮೂರ್. ನಾನು ಇಲ್ಲಿ ಗೋಡೆಗೆ ಹಣೆ ಒತ್ತಿ ಅವರ ಜೊತೆಗೇ ಎಣಿಸಿದೆ. ಹನ್ನೆರಡಕ್ಕೆ ಕೇಕೆ ನಿಂತಿತ್ತು. ಹದಿಮೂರರ ನಂತರ ತುಂಬ ಹೊತ್ತು ಏನೂ ಕೇಳಿಸಲಿಲ್ಲ. ಆಮೇಲೆ ಒಂದೇ ಒಂದು ದುಂ. ಆಮೇಲೆ ಟೀಚರ ದನಿ, ಗದರಿಕೆಯೂ ಅಳುವೂ ಸೇರಿದ್ದು:

"ಸ್ಪರ್ಶ, ಬಾ ಮಗಾ. ಹದಿನಾಲ್ಕ್."